ಕೇಸ್ ಹಾಕಿದವರನ್ನೇ ಯಾಕೆ ಬೈಯುತ್ತೀರಿ?

"ಆ ಪುಣ್ಯಾತ್ಮ ಒಬ್ಬ ಕೆಎಟಿಗೆ ಹೋದ, ನಮ್ಮೆಲ್ಲರ ಬಡ್ತಿಗೂ ಕಲ್ಲು ಬಿತ್ತು." ಸರ್ಕಾರಿ ಕಚೇರಿಯಲ್ಲಿ ನಾಲ್ಕು ದಿನ ಕೆಲಸ ಮಾಡಿದವರೆಲ್ಲ ಈ ಮಾತು ಕೇಳಿಯೇ ಇರುತ್ತೀರಿ. ಕೆಎಟಿ ಅಂದರೆ ರಾಜ್ಯ ಸರ್ಕಾರಿ ನೌಕರರ ಸೇವಾ ತಕರಾರು ಕೇಳುವ ಕರ್ನಾಟಕ ಆಡಳಿತ ನ್ಯಾಯಮಂಡಳಿ. ನಾನೂ ಹೀಗೇ ಗೊಣಗಿದವನು. ಆಮೇಲೆ ನನ್ನನ್ನು ಸಿಬ್ಬಂದಿ ಶಾಖೆಗೆ ವಿಷಯ ನಿರ್ವಾಹಕ ಅಂತ ಹಾಕಿದರು. ಆ ಕೇಸಿಗೆ ಕಾರಣವಾದ ಜ್ಯೇಷ್ಠತಾ ಪಟ್ಟಿಯ, ಅಂದರೆ ಸೇವೆಯಲ್ಲಿ ಯಾರು ಹಿರಿಯರು ಯಾರು ಕಿರಿಯರು ಅಂತ ಬಡ್ತಿಗಾಗಿ ಮಾಡುವ ಪಟ್ಟಿಯ ಫೈಲ್ ನನ್ನ ಟೇಬಲ್ಲಿಗೆ ಬಂತು. ಗೊಣಗಾಟ ಅಲ್ಲಿಗೆ ನಿಂತಿತು.

ತಾತ್ಕಾಲಿಕ ಪಟ್ಟಿ ಹೊರಡಿಸಿ ಆಕ್ಷೇಪಣೆ ಕರೆದಿದ್ದರು. ನಮ್ಮವರೊಬ್ಬರು ಮೂರು ಪುಟ ಬರೆದು, ಕೆಲಸಕ್ಕೆ ಸೇರಿದ ದಿನಾಂಕ, ನೇಮಕಾತಿ ಆದೇಶದ ನಂಬರ್, ಸೇವಾ ಪುಸ್ತಕದ ಜೆರಾಕ್ಸ್ ಎಲ್ಲ ಲಗತ್ತಿಸಿ ಕೊಟ್ಟಿದ್ದರು. ಅದರ ಮೂಲೆಯಲ್ಲಿ ಪೆನ್ಸಿಲ್ಲಿನಲ್ಲಿ ಒಂದು ಟಿಕ್. ಅಂತಿಮ ಪಟ್ಟಿಯಲ್ಲಿ ಒಂದೇ ಸಾಲು: "ಆಕ್ಷೇಪಣೆಗಳನ್ನು ಪರಿಶೀಲಿಸಿ ತಿರಸ್ಕರಿಸಲಾಗಿದೆ." ಯಾಕೆ ತಿರಸ್ಕರಿಸಿದರು ಅಂತ ಟಿಪ್ಪಣಿ ಹಾಳೆಗಳನ್ನೆಲ್ಲ ತಿರುವಿ ಹಾಕಿದೆ, ಒಂದಕ್ಷರ ಇಲ್ಲ. ಅವರು ಕೇಸ್ ಹಾಕಿದರು, ತಡೆಯಾಜ್ಞೆ ಬಂತು. ಈಗ ಹೇಳಿ, ಬಡ್ತಿ ನಿಲ್ಲಿಸಿದ್ದು ಯಾರು?

ಹಾಗಂತ ಕೋರ್ಟಿಗೆ ಹೋದರೆ ಬಡ್ತಿ ಕೈಗೆ ಬರುತ್ತೆ ಅಂತ ಯಾರೂ ತಿಳಿಯಬೇಡಿ. ಬಡ್ತಿ ನಮ್ಮ ಹಕ್ಕಲ್ಲ. ಬಡ್ತಿಗೆ ನಮ್ಮ ಹೆಸರನ್ನು ಸರಿಯಾಗಿ ಪರಿಗಣಿಸಬೇಕು ಅನ್ನೋದು ಮಾತ್ರ ಹಕ್ಕು, ಅದೂ ಸಂವಿಧಾನದ 16ನೇ ವಿಧಿಯಡಿ ಮೂಲಭೂತ ಹಕ್ಕು ಅಂತ ಸುಪ್ರೀಂ ಕೋರ್ಟ್ 1999ರ ಅಜಿತ್ ಸಿಂಗ್ ಪ್ರಕರಣದಲ್ಲಿ ಹೇಳಿದೆ. ಯಾರು ಹೆಚ್ಚು ಅರ್ಹರು ಅಂತ ಅಳೆಯೋದು ಕೋರ್ಟಿನ ಕೆಲಸವಲ್ಲ. ಬಡ್ತಿಗೆ ಹೆಸರು ಆರಿಸುವ ಸಮಿತಿಯನ್ನು ನಿಯಮದ ಪ್ರಕಾರ ರಚಿಸಿದ್ದರಾ, ನೋಡಬೇಕಾದ ದಾಖಲೆ ನೋಡಿದರಾ, ಯಾರದೋ ಮೇಲಿನ ಹಗೆ ತೀರಿಸಿಕೊಂಡರಾ, ಇಷ್ಟನ್ನೇ ಅದು ನೋಡೋದು. ತಪ್ಪು ಸಿಕ್ಕರೆ "ಮತ್ತೆ ಪರಿಗಣಿಸಿ" ಅಂತ ಇಲಾಖೆಗೇ ವಾಪಸ್ ಕಳಿಸುತ್ತೆ. ತಾನೇ ಬಡ್ತಿ ಕೊಟ್ಟಿದ್ದು ತೀರಾ ಅಪರೂಪ. ನನಗೆ ಇದು ಸರಿಯೇ ಅನ್ನಿಸುತ್ತೆ. ಯಾವ ಎಂಜಿನಿಯರ್ ಜಾಸ್ತಿ ಸಮರ್ಥ ಅಂತ ನ್ಯಾಯಾಧೀಶರಿಗೆ ಹೇಗೆ ಗೊತ್ತಾಗಬೇಕು?

"ಹಾಗಾದರೆ ಏನು ಪ್ರಯೋಜನ, ಸುಮ್ನೆ ವಕೀಲರಿಗೆ ದುಡ್ಡು" ಅನ್ನುವವರು ದೇವ್ ದತ್ ಪ್ರಕರಣ ಓದಬೇಕು. ಅವರು ಗಡಿ ರಸ್ತೆ ಸಂಸ್ಥೆಯಲ್ಲಿ ಕಾರ್ಯಪಾಲಕ ಎಂಜಿನಿಯರ್. ಮುಂದಿನ ಹುದ್ದೆಗೆ ಐದು ವರ್ಷದ ಗೌಪ್ಯ ವರದಿಯಲ್ಲೂ, ಅಂದರೆ ನೌಕರನ ಕೆಲಸದ ಬಗ್ಗೆ ಮೇಲಧಿಕಾರಿ ಪ್ರತಿ ವರ್ಷ ಬರೆಯುವ ವರದಿಯಲ್ಲೂ, 'ವೆರಿ ಗುಡ್' ಬೇಕಿತ್ತು. 1993-94ರಲ್ಲಿ ಮಾತ್ರ 'ಗುಡ್' ಅಂತ ಬರೆದಿದ್ದರು. ಅದನ್ನು ಅವರಿಗೆ ಯಾರೂ ತಿಳಿಸಲೇ ಇಲ್ಲ. ಪ್ರತಿಕೂಲ ಷರಾ, ಅಂದರೆ ನೌಕರನ ವಿರುದ್ಧದ ಅಭಿಪ್ರಾಯ, ಇದ್ದರೆ ಮಾತ್ರ ತಿಳಿಸಬೇಕು, 'ಗುಡ್' ಅಂದರೆ ಒಳ್ಳೆಯದೇ ಅಲ್ವಾ ಅನ್ನೋದು ಸರ್ಕಾರದ ವಾದ! ಹೈಕೋರ್ಟಿನಲ್ಲಿ ಅವರು ಸೋತರು. 2008ರಲ್ಲಿ ಸುಪ್ರೀಂ ಕೋರ್ಟ್ ಬೇರೆಯದೇ ಮಾತು ಹೇಳಿತು. ಬಡ್ತಿಗೆ ಅಡ್ಡ ಬರುತ್ತೆ ಅಂದಮೇಲೆ 'ಗುಡ್' ಕೂಡ ಪ್ರತಿಕೂಲವೇ, ಆದ್ದರಿಂದ ಒಳ್ಳೆಯದಿರಲಿ ಕೆಟ್ಟದಿರಲಿ ಪ್ರತಿಯೊಂದು ಷರಾವನ್ನೂ ನೌಕರನಿಗೆ ತಿಳಿಸಬೇಕು. ಆಗಲೂ ಕೋರ್ಟ್ ಬಡ್ತಿ ಕೊಡಲಿಲ್ಲ. ಷರಾ ತಿಳಿಸಿ, ಅವರ ಮನವಿ ಕೇಳಿ, ಆಮೇಲೆ ತೀರ್ಮಾನಿಸಿ ಅಂತಷ್ಟೇ ಹೇಳಿತು. ಅಷ್ಟು ಹೊತ್ತಿಗೆ ಅವರು ನಿವೃತ್ತರಾಗಿದ್ದರು. ಆದರೆ ಮರುವರ್ಷವೇ, 2009ರಲ್ಲಿ, ಪೂರ್ತಿ ವರದಿಯನ್ನು ನೌಕರನಿಗೆ ತೋರಿಸಬೇಕು ಅಂತ ಕೇಂದ್ರ ಸರ್ಕಾರ ಆದೇಶ ಮಾಡಿತು. ಇವತ್ತು ತಮ್ಮ ವರದಿ ತಾವೇ ಓದುವ ಎಷ್ಟೋ ನೌಕರರಿಗೆ ಆ ಎಂಜಿನಿಯರ್ ಹೆಸರೂ ಗೊತ್ತಿಲ್ಲ.

ಸೀಲ್ಡ್ ಕವರ್ ಕತೆಯೂ ಇಂಥದ್ದೇ. ಅಂದರೆ ವಿಚಾರಣೆ ಮುಗಿಯುವ ತನಕ ಸಮಿತಿಯ ತೀರ್ಮಾನವನ್ನು ಮೊಹರು ಹಾಕಿದ ಲಕೋಟೆಯಲ್ಲಿ ಮುಚ್ಚಿಡೋದು. ಯಾರೋ ಹೆಸರಿಲ್ಲದ ದೂರು (ಮೂಕರ್ಜಿ) ಬರೆದರು, ಪ್ರಾಥಮಿಕ ವಿಚಾರಣೆ ನಡೀತಾ ಇದೆ ಅನ್ನೋ ನೆಪದಲ್ಲಿ ಬಡ್ತಿ ಹಿಡಿದಿಡೋದು. ದೋಷಾರೋಪಣ ಪಟ್ಟಿ ಕೊಡುವ ತನಕ ಹಾಗೆ ಮಾಡುವಂತಿಲ್ಲ ಅಂತ 1991ರಲ್ಲೇ ಜಾನಕಿರಾಮನ್ ಪ್ರಕರಣದಲ್ಲಿ ತೀರ್ಪಾಗಿದೆ. ಆದರೂ ನೌಕರನೇ ಆ ತೀರ್ಪು ಹಿಡಿದು ತೋರಿಸುವವರೆಗೆ ಕೆಲವು ಕಚೇರಿಗಳಿಗೆ ನೆನಪಾಗಲ್ಲ.

ನನ್ನ ನಿಜವಾದ ತಕರಾರು ಕಾಲದ ಬಗ್ಗೆ. ಕೆಎಟಿ, ಅದರ ಮೇಲೆ ಹೈಕೋರ್ಟಿನ ವಿಭಾಗೀಯ ಪೀಠ, ಆಮೇಲೆ ಬೇಕಾದರೆ ಸುಪ್ರೀಂ ಕೋರ್ಟ್. ಸರ್ಕಾರಕ್ಕೆ ವಯಸ್ಸಾಗಲ್ಲ, ನೌಕರನಿಗೆ ಆಗುತ್ತೆ. ಗೆದ್ದರೂ ಕೊನೆಗೆ ಸಿಗೋದು ಕಾಲ್ಪನಿಕ ಬಡ್ತಿ, ಅಂದರೆ ಆ ಕುರ್ಚಿಯಲ್ಲಿ ಒಂದು ದಿನವೂ ಕೂರದೆ ಪೆನ್ಷನ್ ಲೆಕ್ಕದಲ್ಲಿ ಮಾತ್ರ ಮೇಲೆ ಹೋಗೋದು.

ನಮ್ಮವರೂ ಗೆದ್ದರು. ಆಕ್ಷೇಪಣೆಯನ್ನು ಕಾರಣ ಸಹಿತ ಇತ್ಯರ್ಥ ಮಾಡಿ ಅಂತ ಆದೇಶ ಬಂತು. ಅದೇ ಮೂರು ಪುಟ ಮುಂದಿಟ್ಟುಕೊಂಡು, ಸೇವಾ ಪುಸ್ತಕ ತರಿಸಿ, ದಿನಾಂಕಗಳನ್ನು ತಾಳೆ ನೋಡಿ ಒಂದೂವರೆ ಪುಟದ ಟಿಪ್ಪಣಿ ಬರೆದೆ. ಅವರು ಹೇಳಿದ್ದೇ ಸರಿಯಿತ್ತು. ಊಟ ಮುಗಿಸಿ ಕೂತವನು ಸಂಜೆ ಐದರೊಳಗೆ ಕಡತ ಮೇಲಕ್ಕೆ ಕಳಿಸಿದೆ. ಅವರು ನಿವೃತ್ತರಾಗಿ ಆಗಲೇ ಎಂಟು ತಿಂಗಳಾಗಿತ್ತು.