ಬಾಯಿ ಜೋರು

'ಹುಡುಗಿ ಏನೋ ಚೆನ್ನಾಗಿದಾಳೆ, ಬಾಯಿ ಸ್ವಲ್ಪ ಜೋರು' ಅಂತ ಹೆಣ್ಣು ನೋಡೋಕೆ ಹೋದೋರು ವಾಪಸ್ ಬರೋವಾಗ ಕಾರಲ್ಲಿ ಹೇಳೋದುಂಟು, ಅಲ್ಲಿಗೆ ಆ ಸಂಬಂಧ ಮುಗೀತು ಅಂತ್ಲೇ ಅರ್ಥ. ನಮ್ ಸಿನಿಮಾಗಳಲ್ಲೂ ಜೋರು ಬಾಯಿ ಹುಡುಗಿಗೆ ಇಂಟರ್‌ವಲ್‌ವರೆಗೆ ಮಾತ್ರ ಪರ್ಮಿಷನ್, ಆಮೇಲೆ ಹೀರೋ ಬುದ್ಧಿ ಕಲಿಸ್ತಾನೆ, ಅವಳು ತಲೆ ತಗ್ಗಿಸ್ತಾಳೆ. ಇಟಲಿಯ ಸಿನಿಮಾ ನಟಿ ಅನ್ನಾ ಮನ್ಯಾನಿ ನೋಡಿದಾಗೆಲ್ಲ ನಂಗೆ ಇದು ನೆನಪಾಗುತ್ತೆ, ಯಾಕಂದ್ರೆ ಆಯಮ್ಮ ಆ ಬಾಯಿನ ಕೊನೇವರೆಗೂ ಇಳಿಸಲಿಲ್ಲ.

ಹುಟ್ಟಿದ್ದು 1908ರಲ್ಲಿ ರೋಮ್‌ನಲ್ಲಿ. ಅಪ್ಪ ಯಾರು ಅಂತ ಗೊತ್ತಿಲ್ಲ, ಅಮ್ಮ ಈಜಿಪ್ಟ್‌ಗೆ ಹೋದ್ಲು, ಸಾಕಿದ್ದು ಅಜ್ಜಿ. ನಾಟಕ ಕಲಿಯೋವಾಗ ಹೊಟ್ಟೆಪಾಡಿಗೆ ನೈಟ್‌ಕ್ಲಬ್‌ಗಳಲ್ಲಿ ಹಾಡ್ತಿದ್ಲು. ನೋಡೋಕೆ ಹೀರೋಯಿನ್ ಥರ ಇರ್ಲಿಲ್ಲ, ಬಾಚಣಿಗೆ ಕಾಣದ ಕೂದಲು, ಕಣ್ಣ ಕೆಳಗೆ ಕಪ್ಪು. ಮೇಕಪ್‌ನವನಿಗೆ 'ಒಂದು ಸುಕ್ಕೂ ಮುಚ್ಚಬೇಡ, ಸಂಪಾದಿಸೋಕೆ ಬಹಳ ವರ್ಷ ಹಿಡಿದಿದೆ' ಅಂದಿದ್ಲಂತೆ.

1945ರಲ್ಲಿ ಡೈರೆಕ್ಟರ್ ರೊಸ್ಸೆಲ್ಲೀನಿ ಮಾಡಿದ 'ರೋಮ್, ಓಪನ್ ಸಿಟಿ'ಯಲ್ಲಿ ಅವಳು ಪೀನಾ. ಹೊಟ್ಟೇಲಿ ಮಗು, ಅವತ್ತೇ ಮದುವೆ, ಅಷ್ಟರಲ್ಲಿ ರೋಮ್ ಆಕ್ರಮಿಸಿದ್ದ ಜರ್ಮನ್ನರು ಬಂದು ಮದುವೆಯಾಗಬೇಕಾದವನ್ನೇ ಲಾರಿಗೆ ಹಾಕ್ಕೊಂಡು ಹೊರಡ್ತಾರೆ. ತಡೆದ ಸೈನಿಕರನ್ನ ತಳ್ಳಿ 'ಫ್ರಾಂಚೆಸ್ಕೋ! ಫ್ರಾಂಚೆಸ್ಕೋ!' ಅಂತ ಕೂಗ್ತಾ ಒಂದು ಕೈ ಮೇಲೆತ್ತಿ ಲಾರಿ ಹಿಂದೆ ಓಡ್ತಾಳೆ, ಗುಂಡಿನ ಸದ್ದು, ರಸ್ತೆ ಮಧ್ಯೆ ಬೋರಲು ಬೀಳ್ತಾಳೆ, ಪುಟ್ಟ ಮಗ ಓಡಿ ಬಂದು ಮೈಮೇಲೆ ಬೀಳ್ತಾನೆ. ಸಿನಿಮಾ ಇನ್ನೂ ಅರ್ಧ ಬಾಕಿ ಇರುತ್ತೆ! ರೋಮ್‌ನಲ್ಲಿ 1944ರ ಮಾರ್ಚ್‌ನಲ್ಲಿ ತೆರೇಸಾ ಗುಲ್ಲಾಚೆ ಅನ್ನೋ ಗರ್ಭಿಣಿ ಹೀಗೇ ಗುಂಡೇಟಿಗೆ ಸತ್ತಿದ್ಲು, ಈ ಸೀನಿನ ಮೂಲ ಅದು. ಸ್ಲೋ ಮೋಷನ್ನು ಹಾಕಿ ಎಳೆದಿದ್ರೆ ಕೆಟ್ಟು ಹೋಗಿರೋದು, ಎಲ್ಲಾ ನಿಮಿಷದೊಳಗೆ ಮುಗಿದು ಆ ಕೂಗೊಂದೇ ಕಿವೀಲಿ ಉಳಿಯುತ್ತೆ.

ರೊಸ್ಸೆಲ್ಲೀನಿಗೂ ಅವಳಿಗೂ ಪ್ರೀತಿ ಇತ್ತು. 1948ರಲ್ಲಿ ಹಾಲಿವುಡ್ ತಾರೆ ಇಂಗ್ರಿಡ್ ಬರ್ಗ್‌ಮನ್ ಅಮೆರಿಕಾದಿಂದ ಅವನಿಗೆ ಒಂದು ಕಾಗದ ಬರೆದ್ಲು, ನಿಮ್ ಸಿನಿಮಾದಲ್ಲಿ ನಟಿಸ್ತೀನಿ ಅಂತ. ಅನ್ನಾ ಅವನ ತಲೆ ಮೇಲೆ ಒಂದು ಬಟ್ಟಲು ಸ್ಪಗೆಟ್ಟಿ ಸುರಿದ್ಲು ಅಂತ ಕಥೆ ಇದೆ, ನಿಜಾನೋ ಸುಳ್ಳೋ, ಅವಳು ಮಾಡಿರಲಾರಳು ಅಂತ ಹೇಳೋಕಂತೂ ಯಾರಿಗೂ ಧೈರ್ಯ ಬಂದಿಲ್ಲ. ಅವನು ಬರ್ಗ್‌ಮನ್‌ನ ಸ್ಟ್ರಾಂಬೋಲಿ ದ್ವೀಪಕ್ಕೆ ಕರ್ಕೊಂಡು ಹೋಗಿ ಶೂಟಿಂಗ್ ಮಾಡ್ತಿದ್ರೆ ಇವಳು ಸುಮ್ನಿರ್ತಾಳಾ, ಅಲ್ಲೇ ಹತ್ತಿರದ ವುಲ್ಕಾನೋ ದ್ವೀಪದಲ್ಲಿ ತನ್ನದೊಂದು ಸಿನಿಮಾ ಶುರು ಹಚ್ಚಿದ್ಲು, ಎರಡೂ ಜ್ವಾಲಾಮುಖಿ ದ್ವೀಪಗಳೇ, ಪೇಪರ್‌ನವರಿಗೆ ಹಬ್ಬವೋ ಹಬ್ಬ. ಆದ್ರೆ ಆ ಸಿನಿಮಾದ ಪ್ರೀಮಿಯರ್ ದಿನವೇ, 1950ರ ಫೆಬ್ರವರಿ 2ರಂದು, ಬರ್ಗ್‌ಮನ್‌ಗೆ ಗಂಡು ಮಗು ಆಯ್ತು, ಪತ್ರಕರ್ತರೆಲ್ಲ ಆ ಸುದ್ದಿ ಹಿಂದೆ ಎದ್ದು ಹೋದ್ರು. ಇದಕ್ಕೆ ಯಾವ ಬಾಯಿಯಿಂದ ಏನು ಬೈಯೋದು ಹೇಳಿ.

ಅಮೆರಿಕಾದ ನಾಟಕಕಾರ ಟೆನೆಸ್ಸೀ ವಿಲಿಯಮ್ಸ್ 'ದಿ ರೋಸ್ ಟ್ಯಾಟೂ' ನಾಟಕನ ಅವಳನ್ನೇ ಮನಸಲ್ಲಿಟ್ಟು ಬರೆದ್ರೂ ನಂಗೆ ಇಂಗ್ಲಿಷ್ ಸಾಲದು ಅಂತ ನ್ಯೂಯಾರ್ಕಿನ ಬ್ರಾಡ್‌ವೇ ರಂಗಭೂಮಿಗೆ ಹೋಗ್ಲಿಲ್ಲ, ಸಿನಿಮಾ ಆದಾಗ ಮಾತ್ರ ಒಪ್ಪಿದ್ಲು. 1956ರಲ್ಲಿ ಅದಕ್ಕೆ ಆಸ್ಕರ್, ಶ್ರೇಷ್ಠ ನಟಿ ಆಸ್ಕರ್ ಪಡೆದ ಮೊದಲ ಇಟಾಲಿಯನ್. ಸಮಾರಂಭಕ್ಕೂ ಹೋಗಿರ್ಲಿಲ್ಲ, ರೋಮ್‌ನಲ್ಲೇ ಇದ್ಲು.

ಮನೇಲಿ ಇದೇ ಬಾಯಿ ಹೇಗಿತ್ತೋ. ಮಗ ಲೂಕಾಗೆ ಚಿಕ್ಕಂದಿನಲ್ಲೇ ಪೋಲಿಯೋ ಆಗಿತ್ತು, ದುಡಿದಿದ್ದರಲ್ಲಿ ಬಹಳಷ್ಟು ಅವನ ಚಿಕಿತ್ಸೆಗೇ.

ತೀರ್ಕೊಂಡಿದ್ದು 1973ರ ಸೆಪ್ಟೆಂಬರ್‌ನಲ್ಲಿ. ಹಿಂದಿನ ವರ್ಷ ಬಂದ ಫೆಲಿನಿಯ 'ರೋಮಾ'ದಲ್ಲಿ ಒಂದೇ ಒಂದು ಸಣ್ಣ ಸೀನ್ ಇದೆ, ರಾತ್ರಿ ಮನೆ ಬಾಗಿಲ ಹತ್ರ ಬಂದಿದ್ದಾಳೆ, ಫೆಲಿನಿ ಕ್ಯಾಮೆರಾ ಹಿಂದಿನಿಂದ ನೀನೇ ರೋಮ್ ನಗರದ ಪ್ರತೀಕ ಅಂತೆಲ್ಲ ಹೊಗಳಿ ಒಂದು ಪ್ರಶ್ನೆ ಕೇಳ್ಲಾ ಅಂತಾನೆ. ಇವಳು ನಕ್ಕು, ಬೇಡಪ್ಪ, ನಿನ್ನ ಮೇಲೆ ನಂಗೆ ನಂಬಿಕೆ ಇಲ್ಲ, ಹೋಗಿ ಮಲ್ಕೋ ಅಂತ ಬಾಗಿಲು ಹಾಕ್ಕೊಂಡು ಒಳಗೆ ಹೋಗ್ತಾಳೆ. ಅಷ್ಟು ದೊಡ್ಡ ಡೈರೆಕ್ಟರು, ಪ್ರಶ್ನೆ ಏನಿತ್ತು ಅಂತ ಕೇಳೋಕೂ ಬಿಡ್ಲಿಲ್ಲ.