ಈ ಗಾಡಿ ಯಾರದ್ರಿ ಅಕ್ಕಾರ?

ಹೋದ ಸಲ ಅಕ್ಟೋಬರ್ ಸೆಮಿಸ್ಟರ್ ಶುರುವಾಗೋ ಹೊತ್ತಿಗೆ ಹುಬ್ಬಳ್ಳಿಯಿಂದ ಪರಿಚಯದವರ ಮಗ ಬಂದ. ಜರ್ಮನಿಯ ಆಖೆನ್‌ನಲ್ಲಿ ಎಂ.ಎಸ್. ಓದೋಕೆ. ಡುಸೆಲ್ಡಾರ್ಫ್ ವಿಮಾನ ನಿಲ್ದಾಣದಿಂದ ಕರೆದುಕೊಂಡು ಹೋಗೋ ಕೆಲಸ ನನ್ನದು. ಎರಡು ದೊಡ್ಡ ಸೂಟ್‌ಕೇಸ್, ಒಂದರ ತುಂಬ ಬರೀ ಖಡಕ್ ರೊಟ್ಟಿ, ಶೇಂಗಾ ಚಟ್ನಿಪುಡಿ. ಟರ್ಮಿನಲ್‌ನಿಂದ ಸ್ಟೇಷನ್‌ಗೆ ಕಂಬಿ ಕೆಳಗೆ ನೇತಾಡಿಕೊಂಡು ಹೋಗೋ ಸ್ಕೈಟ್ರೇನ್ ನೋಡಿ ಬಾಯಿ ಬಿಟ್ಟ. ಆಮೇಲೆ ಪ್ಲಾಟ್‌ಫಾರ್ಮಿಗೆ ಆರ್‌ಇ 1 ಬಂತು, ಆಖೆನ್‌ನಿಂದ ಹಾಮ್‌ವರೆಗೆ ಓಡೋ ಪ್ರಾದೇಶಿಕ ರೈಲು. ಸಾಮಾನು ಒಳಗೆ ಎಳೆದು ಹಾಕಿ, ಉಸಿರು ಬಿಟ್ಟು, ಬಾಗಿಲ ಮೇಲಿನ ಬರಹ ಓದಿ, ಜರ್ಮನಿಯ ಸರ್ಕಾರಿ ರೈಲ್ವೆ ಡಿಬಿಯ ಹೆಸರು ಕಾಣದೆ ಕೇಳಿದ: "ಇದು ಡಿಬಿ ಗಾಡಿ ಅಲ್ಲೇನ್ರಿ? ಹಂಗಾದ್ರ ಈ ಗಾಡಿ ಯಾರದ್ರಿ ಅಕ್ಕಾರ?"

ಹುಬ್ಬಳ್ಳಿ ಹುಡುಗ. ನೈಋತ್ಯ ರೈಲ್ವೆಯ ಕೇಂದ್ರ ಕಚೇರಿ ಇರೋ ಊರು, ಒಂದೂವರೆ ಕಿಲೋಮೀಟರ್ ಉದ್ದದ ಪ್ಲಾಟ್‌ಫಾರ್ಮ್ ಇರೋ ಊರು. ಅವನಿಗೆ ರೈಲು ಅಂದರೆ ಸರ್ಕಾರ. ಹಳಿ, ಬೋಗಿ, ಡ್ರೈವರು, ಟಿಟಿ, ಕ್ಯಾಂಟೀನ್ ಬಿಟ್ಟರೆ ಎಲ್ಲ ಒಂದೇ ಮನೆಯವರು. ನಾನು ಉತ್ತರ ಹೇಳೋಕೆ ಶುರು ಮಾಡಿದೆ. ಕೊಲೋನ್ ಬಂದರೂ ಮುಗಿಯಲಿಲ್ಲ.

ಹಳಿ ಡಿಬಿ ಕಡೆಯದು, ಅದಕ್ಕೆ 2024ರಿಂದ ಇನ್‌ಫ್ರಾಗೋ ಅಂತ ಹೆಸರು. ಗಾಡಿ ತಯಾರಿಸಿದ್ದು ಸೀಮೆನ್ಸ್. ಆದರೆ ಒಡೆಯರು ಸೀಮೆನ್ಸೂ ಅಲ್ಲ, ಓಡಿಸೋ ಕಂಪನಿಯೂ ಅಲ್ಲ. ನಮ್ಮ ನಾರ್ಡ್‌ರೈನ್-ವೆಸ್ಟ್‌ಫಾಲಿಯಾ ರಾಜ್ಯದ, ಜೊತೆಗೆ ಅಕ್ಕಪಕ್ಕದ ರಾಜ್ಯಗಳ ಸಾರ್ವಜನಿಕ ಸಾರಿಗೆ ಸಂಸ್ಥೆಗಳು ಸೇರಿ ಇಂಥ 82 ಗಾಡಿ ಕೊಂಡಿವೆ. 32 ವರ್ಷ ರಿಪೇರಿ, ದೇಖರೇಖಿ ಸೀಮೆನ್ಸ್‌ನದೇ, ಅದಕ್ಕೆ ಡಾರ್ಟ್‌ಮುಂಡ್‌ನಲ್ಲಿ ಒಂದು ದೊಡ್ಡ ಶೆಡ್ಡು. ಎಲ್ಲ ಸೇರಿ 1.7 ಬಿಲಿಯನ್ ಯೂರೋ ವ್ಯವಹಾರ. ಟೆಂಡರ್ ಗೆದ್ದ ಕಂಪನಿ ಡ್ರೈವರನ್ನೂ ಗಾರ್ಡನ್ನೂ ತಂದು ಗಾಡಿ ಓಡಿಸುತ್ತದೆ, ಅಷ್ಟೇ. ನಮ್ಮ ಕಡೆ ಮಾಲೀಕರ ಲಾರಿಯನ್ನ ಗುತ್ತಿಗೆಗೆ ಹಿಡಿದು ಓಡಿಸ್ತಾರಲ್ಲ, ಹೆಚ್ಚೂಕಡಿಮೆ ಹಾಗೆ. "ಟಿಕೆಟ್ ರೊಕ್ಕ?" ಅಂದ. ಅದು ಇನ್ನೊಂದು ಕಥೆ ಕಣಪ್ಪ, ನೀನು ಮೊದಲು ನಿದ್ದೆ ಮಾಡು ಅಂದೆ.

ಕೇಳೋಕೆ ಗೋಜಲು ಅನ್ನಿಸುತ್ತೆ, ಅಲ್ವಾ? ನನಗೂ ಮೊದಲು ಹಾಗೇ ಅನ್ನಿಸಿತ್ತು. ಈಗ ಈ ವ್ಯವಸ್ಥೆಯ ಅರ್ಧಕ್ಕೆ ನಾನು ಕೈಮುಗೀತೀನಿ, ಇನ್ನರ್ಧಕ್ಕೆ ದಿನಾ ಹಲ್ಲು ಕಡೀತೀನಿ.

ಮೊದಲು ಕೈಮುಗಿಯೋ ಅರ್ಧ. 1996ರಿಂದ ಜರ್ಮನಿಯಲ್ಲಿ ಊರೂರಿನ ರೈಲು ರಾಜ್ಯಗಳ ಜವಾಬ್ದಾರಿ. ಕೇಂದ್ರ ದುಡ್ಡು ಕೊಡುತ್ತದೆ. ಯಾವ ಲೈನಿನಲ್ಲಿ ಎಷ್ಟು ಗಾಡಿ, ಎಷ್ಟು ಹೊತ್ತಿಗೊಂದು ಅನ್ನೋದನ್ನ ರಾಜ್ಯದ ಸಂಸ್ಥೆಗಳು ತೀರ್ಮಾನ ಮಾಡಿ ಟೆಂಡರ್ ಕರೀತವೆ. 2020ರ ಜೂನ್‌ನಲ್ಲಿ ಈ ಹೊಸ ಗಾಡಿಗಳು ಆರ್‌ಇ 1ಕ್ಕೆ ಬಂದಾಗ ಓಡಿಸುತ್ತಿದ್ದದ್ದು ಆಬೆಲಿಯೊ, ಡಚ್ ಸರ್ಕಾರಿ ರೈಲ್ವೆಯ ಕೂಸು. ಮರುವರ್ಷವೇ ಲೆಕ್ಕ ಹೊಂದಲಿಲ್ಲ ಅಂತ ಕಂಪನಿ ಕೋರ್ಟಿನ ರಕ್ಷಣೆ ಕೇಳಿತು. 2022ರ ಜನವರಿ 31ಕ್ಕೆ ಈ ರಾಜ್ಯದಲ್ಲಿ ಅದರ ಕೊನೆಯ ದಿನ. ಮಾರನೇ ದಿನ ಬೆಳಗ್ಗೆ? ಅದೇ ಗಾಡಿ, ಅದೇ ನಂಬರು. ಬ್ರಿಟನ್ ಮೂಲದ ನ್ಯಾಷನಲ್ ಎಕ್ಸ್‌ಪ್ರೆಸ್ ಕೈಗೆ ಹೋಗಿತ್ತು. ಒಂದು ಕಂಪನಿ ಮುಳುಗಿದರೂ ಆಖೆನ್‌ನಿಂದ ಹಾಮ್‌ವರೆಗಿನ ಲೈನು ಮುಳುಗಲಿಲ್ಲ.

ಇದು ಚಿಕ್ಕ ವಿಷಯ ಅಲ್ಲ. ಗಾಡಿಗಳು ಆ ಕಂಪನಿಯ ಸ್ವತ್ತೇ ಆಗಿದ್ದರೆ? ಸಾಲ ಕೊಟ್ಟವರು ಬಂದು ಬೋಗಿಗೆ ಬೀಗ ಹಾಕೋದನ್ನ ನೋಡ್ತಾ ನಿಲ್ಲಬೇಕಿತ್ತು. ಖಾಸಗಿಯವರು ಬಂದದ್ದೇ ತಪ್ಪು ಅಂತ ಇಲ್ಲಿ ಬೈಯೋರು ಜಾಸ್ತಿ. ನಾನು ಒಪ್ಪೋದಿಲ್ಲ. ಓಡಿಸೋರು ಬದಲಾಗಲಿ, ಬೋಗಿ ಮಾತ್ರ ಊರಿನವರ ಕೈಯಲ್ಲಿರಲಿ ಅನ್ನೋದು ಬುದ್ಧಿವಂತಿಕೆ.

ಆ ಲೈನು ಎಂಥದು ಗೊತ್ತಾ? ಆಖೆನ್, ಡ್ಯೂರೆನ್, ಕೊಲೋನ್, ಲೆವರ್‌ಕೂಸನ್, ಡುಸೆಲ್ಡಾರ್ಫ್, ಡ್ಯೂಯಿಸ್‌ಬರ್ಗ್, ಎಸ್ಸೆನ್, ಬೋಖುಮ್, ಡಾರ್ಟ್‌ಮುಂಡ್, ಹಾಮ್. ವಿಶ್ವವಿದ್ಯಾಲಯದ ಊರು, ಆಸ್ಪಿರಿನ್ ಮಾತ್ರೆಯ ಊರು, ಹಳೇ ಕಲ್ಲಿದ್ದಲು ಗಣಿಯ ಊರು, ಉಕ್ಕಿನ ಊರು, ಎಲ್ಲ ಒಂದೇ ದಾರದಲ್ಲಿ. ಡ್ಯೂಯಿಸ್‌ಬರ್ಗ್ ದಾಟಿದ ಮೇಲೆ ಯಾವ ಊರು ಎಲ್ಲಿ ಮುಗೀತು, ಯಾವುದು ಎಲ್ಲಿ ಶುರುವಾಯ್ತು ಗೊತ್ತೇ ಆಗೋದಿಲ್ಲ. ಶನಿವಾರ ಹತ್ತಿ ನೋಡಿ. ಒಂದು ಬೋಗಿಯಲ್ಲಿ ಡಾರ್ಟ್‌ಮುಂಡ್ ಫುಟ್‌ಬಾಲ್ ತಂಡದ ಹಳದಿ-ಕಪ್ಪು ಶಾಲು, ಇನ್ನೊಂದರಲ್ಲಿ ಕೊಲೋನ್‌ನ ಮೇಕೆ ಚಿತ್ರದ ಕೆಂಪು-ಬಿಳಿ. ಕಾಲಡಿ ಬಿಯರ್ ಬಾಟಲಿ ಉರುಳ್ತಾ ಇರುತ್ತೆ. ಒಬ್ಬ ಅಜ್ಜ ದೊಡ್ಡ ಚೀಲ ಹಿಡಿದು ಬಂದು, "ಆಯ್ತಾ?" ಅಂತ ಕಣ್ಣಲ್ಲೇ ಕೇಳಿ ಖಾಲಿ ಬಾಟಲಿ ಎತ್ತಿಕೊಂಡು ಹೋಗ್ತಾನೆ. ಅಂಗಡಿಗೆ ವಾಪಸ್ ಕೊಟ್ಟರೆ ಬಿಯರ್ ಬಾಟಲಿಗೆ 8 ಸೆಂಟು, ಪ್ಲಾಸ್ಟಿಕ್ಕಿಗೆ 25. ಐಸಿಇ ಅನ್ನೋ ವೇಗದ ರೈಲಿನ ಫಸ್ಟ್ ಕ್ಲಾಸಿನಲ್ಲಿ ಕೂತವರಿಗೆ ಈ ಜರ್ಮನಿ ಕಾಣೋದೇ ಇಲ್ಲ.

ಇನ್ನು ಹಲ್ಲು ಕಡಿಯೋ ಅರ್ಧ.

ಗಾಡಿ ಹೊಸದು, ಎರಡು ಜೋಡಿಸಿದರೆ 800 ಸೀಟು. ಆದರೆ ಹಳಿ ಹಳೇದೇ. ಅದೇ ಹಳಿ ಮೇಲೆ ಐಸಿಇ, ಎಷ್ಟೋ ಕಡೆ ಗೂಡ್ಸೂ. ಕೊಲೋನ್‌ನ ಹೋಹೆನ್‌ಜೋಲರ್ನ್ ಸೇತುವೆ ಮೇಲೆ ದಿನಕ್ಕೆ ಸಾವಿರಕ್ಕೂ ಜಾಸ್ತಿ ಗಾಡಿ. ರೈನ್ ನದಿ ಮೇಲೆ ನಿಂತ ಗಾಡಿಯಲ್ಲಿ, ಎದುರಿಗೆ ಚರ್ಚಿನ ಜೋಡಿ ಗೋಪುರ, ಪಕ್ಕದ ಜಾಲರಿಗೆ ಪ್ರೇಮಿಗಳು ಹಾಕಿದ ಬೀಗಗಳನ್ನ ಎಣಿಸ್ತಾ ಕೂರೋದು ನಮ್ಮ ನಿತ್ಯದ ಯೋಗ. ಕೊಲೋನ್-ಡಾರ್ಟ್‌ಮುಂಡ್ ಮಧ್ಯೆ ಕಾಲು ಗಂಟೆಗೊಂದು ಗಾಡಿ ಅನ್ನೋದು ಗುರಿ. ಅದಕ್ಕೆ ಡುಸೆಲ್ಡಾರ್ಫ್-ಡ್ಯೂಯಿಸ್‌ಬರ್ಗ್ ಮಧ್ಯೆ ಆರು ಹಳಿ ಬೇಕು. ನಿಧಾನವಾಗಿ ಆಗ್ತಾ ಇದೆ. ಬೋಗಿ ಕೊಳ್ಳೋದು ಸುಲಭ, ಮನೆಗಳ ಹಿತ್ತಲಲ್ಲಿ ಹಳಿ ಹಾಕೋದು ಕಷ್ಟ. ಅದು ಅರ್ಥ ಆಗುತ್ತೆ.

ಅರ್ಥ ಆಗದೇ ಇರೋದು ಬೇರೆ. ಒಮ್ಮೆ ಚಳಿಗಾಲದ ಸಂಜೆ, ಬೇರೆ ಲೈನು, ಹೆಸರು ಬೇಡ, ಗದ್ದೆ ಮಧ್ಯೆ ಐವತ್ತು ನಿಮಿಷ ನಿಂತೆವು. ಓಡಿಸೋ ಕಂಪನಿಗೆ ಬರೆದೆ. ಸಿಗ್ನಲ್ ತೊಂದರೆ, ಹಳಿಯವರನ್ನ ಕೇಳಿ ಅಂದರು. ಹಳಿಯವರು ನಿಮ್ಮ ಮುಂದೆ ಹೋಗ್ತಿದ್ದ ಗಾಡಿ ತಡ ಆಗಿತ್ತು ಅಂದರು. ಟೈಮ್‌ಟೇಬಲ್ ಆರ್ಡರ್ ಮಾಡಿದ ರಾಜ್ಯದ ಸಂಸ್ಥೆಯವರು ನಿಮ್ಮ ಅಭಿಪ್ರಾಯಕ್ಕೆ ಧನ್ಯವಾದ ಅಂದರು. ಮೂರು ಉತ್ತರವೂ ನಿಜವೇ ಇರಬಹುದು. ನಮ್ಮ ದೇಶದಲ್ಲಿ ಗಾಡಿ ತಡವಾದರೆ ಬೈಯೋಕೆ ಒಂದೇ ವಿಳಾಸ. ಬೈದರೆ ಪ್ರಯೋಜನ ಇದೆಯಾ ಅನ್ನೋದು ಬೇರೆ ಮಾತು. ಇಲ್ಲಿ ಬೈಯೋಕೂ ಟೆಂಡರ್ ಕರೀಬೇಕು!

ನನ್ನ ಮಾತು ಇಷ್ಟೇ. ಬೋಗಿ ಸಾರ್ವಜನಿಕರದ್ದು ಅಂತ ಮಾಡಿದ ಮೇಲೆ ತಪ್ಪನ್ನೂ ಯಾರಾದರೂ ಒಬ್ಬರು ತಮ್ಮದು ಅಂತ ಹೊರಬೇಕು. ಗಾಡಿ ಆರ್ಡರ್ ಮಾಡಿದವರೇ ಹೊರಲಿ. ನನ್ನ ಹತ್ತಿರ ಕ್ಷಮೆ ಕೇಳಲಿ, ಆಮೇಲೆ ಒಳಗೊಳಗೇ ಹಳಿಯವರ ಜೊತೆ, ಕಂಪನಿಯವರ ಜೊತೆ ಎಷ್ಟು ಬೇಕಾದರೂ ಜಗಳ ಆಡಿಕೊಳ್ಳಲಿ. ಆರ್‌ಇ 1 ಒಂದಕ್ಕೇ ಇಂಥ ಸಂಸ್ಥೆ ಮೂರಿವೆ. ಕೊಲೋನ್-ಆಖೆನ್ ಕಡೆಗೊಂದು, ಡ್ಯೂಯಿಸ್‌ಬರ್ಗ್-ಡಾರ್ಟ್‌ಮುಂಡ್ ಸುತ್ತಿನ ರೂರ್ ಕಡೆಗೊಂದು, ಹಾಮ್ ಕಡೆಗೊಂದು. ಪ್ಲಾಟ್‌ಫಾರ್ಮಿನಲ್ಲಿ ನಡುಗ್ತಾ ನಿಂತವನಿಗೆ ಆ ನಕಾಶೆ ಯಾಕೆ ಬೇಕು?

ಅದರಲ್ಲೂ ದುಡ್ಡು ಏರ್ತಾ ಇರುವಾಗ. ದೇಶದ ಎಲ್ಲ ಊರೂರಿನ ರೈಲು, ಬಸ್ಸು, ಟ್ರಾಮಿಗೆ ನಡೆಯೋ ಡಾಯ್ಚ್‌ಲಾಂಡ್ ಟಿಕೆಟ್ ಅನ್ನೋ ತಿಂಗಳ ಪಾಸು 2023ರ ಮೇ ತಿಂಗಳಲ್ಲಿ 49 ಯೂರೋಗೆ ಶುರುವಾಯ್ತು. 2025ಕ್ಕೆ 58, 2026ಕ್ಕೆ 63. ಈಗಲೂ ನನ್ನ ಮಟ್ಟಿಗೆ ಇದಕ್ಕಿಂತ ಒಳ್ಳೇ ಟಿಕೆಟ್ ಇಲ್ಲ. ಆದರೆ ಬೆಲೆ ಏರಿಸುವಾಗ ಮಾತ್ರ ಎಲ್ಲರೂ ಒಂದೇ ಮೇಜಿನ ಸುತ್ತ ಕೂರ್ತಾರೆ.

ಮೊನ್ನೆ ಹುಬ್ಬಳ್ಳಿ ಹುಡುಗ ಫೋನ್ ಮಾಡಿದ್ದ. ಒಂದು ಗಂಟೆ ತಡ ಆಗಿದೆ, ರೊಕ್ಕ ವಾಪಸ್ ಬರುತ್ತೇನ್ರಿ ಅಂತ. ಬರುತ್ತೆ, ಇಂಥ ಪಾಸಿಗೆ ಒಂದು ಸಲಕ್ಕೆ ಒಂದೂವರೆ ಯೂರೋ, ಆದರೆ ಎಲ್ಲ ಸೇರಿ 4 ಯೂರೋಗಿಂತ ಕಮ್ಮಿ ಆದರೆ ಕೊಡೋದಿಲ್ಲ ಅಂದೆ. ಅವನು ಮನಸ್ಸಲ್ಲೇ ಲೆಕ್ಕ ಹಾಕೋದು ಕೇಳಿಸ್ತಾ ಇತ್ತು.

"ಹಂಗಾದ್ರ ಇನ್ನ ಎರಡ ಸಲ ಲೇಟ್ ಆಗ್ಬೇಕಲ್ರಿ."

"ಹೌದಪ್ಪ."

"ಆಗ್ತದ ಬಿಡ್ರಿ ಅಕ್ಕಾರ," ಅಂದ.