ಕಥೆಗಳಿಗೆ ಬರುವ ಪಾಚಿ ರೋಗ

ರಾತ್ರಿ ಊಟದ ಹೊತ್ತಿಗೆ ನಮ್ಮ ಮನೆಯಲ್ಲಿ ಒಂದು ಸೀರಿಯಲ್ ಓಡುತ್ತದೆ. ಅದರ ನಾಯಕನಿಗೆ ಒಬ್ಬಳು ತಂಗಿ ಇದ್ದಳು. ಓದಲು ಮೈಸೂರಿಗೆ ಹೊರಟಳು. ಬಾಗಿಲಲ್ಲಿ ಅಣ್ಣನನ್ನು ತಬ್ಬಿಕೊಂಡು ಅತ್ತಳು. ಅಷ್ಟೇ. ಆಮೇಲೆ ಅಣ್ಣನ ಮದುವೆಯಾಯಿತು, ಮನೆ ಹರಾಜಿಗೆ ಬಂತು, ಅಜ್ಜಿ ತೀರಿಕೊಂಡರು. ತಂಗಿ ಬರಲಿಲ್ಲ. ಅವಳ ಹೆಸರನ್ನೂ ಯಾರೂ ಎತ್ತಲಿಲ್ಲ. ನಮ್ಮಮ್ಮ ಮಾತ್ರ ಆಗಾಗ ಕೇಳುತ್ತಾಳೆ, "ಆ ಹುಡುಗಿ ಏನಾದ್ಲೋ?"

ಇದಕ್ಕೆ ನಾನು ಪಾಚಿ ರೋಗ ಅಂತ ಹೆಸರಿಟ್ಟಿದ್ದೇನೆ. ಮನುಷ್ಯರಿಗಲ್ಲ, ಕಥೆಗಳಿಗೆ ಬರುವ ರೋಗ. ಕಾಲುವೆಯ ಕವಲಿಗೆ ಮಣ್ಣು ಹಾಕಿ ಕಟ್ಟುತ್ತಾರೆ, ಮತ್ತೆ ಬಿಡಿಸಲು ಮರೆಯುತ್ತಾರೆ. ಅಲ್ಲಿನ ನೀರು ತಕ್ಷಣ ಒಣಗುವುದಿಲ್ಲ. ನಿಂತಲ್ಲೇ ಹಸಿರಾಗುತ್ತದೆ, ನಾರುತ್ತದೆ. ಮರೆತ ಉಪಕಥೆಯೂ ಹಾಗೇ. ಅದು ಸಾಯುವುದಿಲ್ಲ. ಆ ತಂಗಿ ಇವತ್ತಿಗೂ ಬ್ಯಾಗ್ ಹಿಡಿದು ಬಾಗಿಲಲ್ಲೇ ನಿಂತಿದ್ದಾಳೆ.

ಸೀರಿಯಲ್‌ನವರ ಕಷ್ಟ ಇಲ್ಲ ಅಂತಲ್ಲ. ಕಲಾವಿದರ ಡೇಟ್ಸ್ ಸಿಗಲ್ಲ, ಟಿಆರ್‌ಪಿ ಬಿದ್ದರೆ ಮೇನ್ ಟ್ರ್ಯಾಕ್ ಬಿಟ್ಟು ಬೇರೇನೂ ಬರೆಯಲು ಬಿಡಲ್ಲ. ಆದರೂ ಅಜ್ಜಿ ಸತ್ತ ದಿನ "ತಂಗಿಗೆ ಫೋನ್ ಮಾಡಿದ್ರಾ?" ಅಂತ ಒಂದು ಮಾತು ಬರೆಯಲು ಯಾರ ಡೇಟ್ಸ್ ಬೇಕು ಹೇಳಿ?

ರೋಗ ಹೊಸದಲ್ಲ. ವಾಲ್ಮೀಕಿ ರಾಮಾಯಣದಲ್ಲಿ ಲಕ್ಷ್ಮಣ ಕಾಡಿಗೆ ಹೊರಟಾಗ ಸುಮಿತ್ರೆ ಮಗನಿಗೆ ಹೇಳುವ ಮಾತು ಎಷ್ಟು ಚೆಂದ! ರಾಮನೇ ದಶರಥ ಅಂದುಕೋ, ಸೀತೆಯೇ ನಾನು ಅಂದುಕೋ, ಕಾಡೇ ಅಯೋಧ್ಯೆ ಅಂದುಕೋ ಅನ್ನುತ್ತಾಳೆ. ಆದರೆ ಹೆಂಡತಿ ಊರ್ಮಿಳೆಯನ್ನು ಅವನು ಕಂಡು ಹೊರಟ ಒಂದು ದೃಶ್ಯವೂ ಅಲ್ಲಿಲ್ಲ. 14 ವರ್ಷ! ಕಾಳಿದಾಸನ 'ಶಾಕುಂತಲ' ನಾಟಕದಲ್ಲಿ ಶಕುಂತಲೆಯ ಗೆಳತಿಯರಾದ ಅನಸೂಯೆ, ಪ್ರಿಯಂವದೆಯರೂ ಅಷ್ಟೇ. ನಾಲ್ಕನೇ ಅಂಕದಲ್ಲಿ ಗೆಳತಿಯನ್ನು ಗಂಡನ ಮನೆಗೆ ಕಳಿಸಿ ಅತ್ತವರು ಉಳಿದ ಮೂರು ಅಂಕಗಳಲ್ಲಿ ರಂಗಕ್ಕೆ ಬರುವುದೇ ಇಲ್ಲ. ರವೀಂದ್ರನಾಥ ಟ್ಯಾಗೋರರು ಕಾವ್ಯಗಳು ಕಡೆಗಣಿಸಿದ ಇಂಥ ಹೆಣ್ಣುಗಳ ಬಗ್ಗೆಯೇ ಒಂದು ಪ್ರಬಂಧ ಬರೆದರು. 1908ರಲ್ಲಿ ಹಿಂದಿಯ ಮಹಾವೀರ ಪ್ರಸಾದ ದ್ವಿವೇದಿಯವರೂ ಊರ್ಮಿಳೆಯ ಪರವಾಗಿ ಬರೆದರು. ಮುಂದೆ ಹಿಂದಿ ಕವಿ ಮೈಥಿಲೀಶರಣ ಗುಪ್ತರು ತಮ್ಮ 'ಸಾಕೇತ' ಕಾವ್ಯದ ಒಂಬತ್ತನೇ ಸರ್ಗವನ್ನು ಅವಳ ವಿರಹಕ್ಕೇ ಬಿಟ್ಟುಕೊಟ್ಟರು. ನಮ್ಮ ಕುವೆಂಪು 'ಶ್ರೀ ರಾಮಾಯಣ ದರ್ಶನಂ'ನಲ್ಲಿ ಅವಳನ್ನು ತಪಸ್ವಿನಿಯಾಗಿ ಕಂಡರು.

ಇವರೆಲ್ಲರ ಮೇಲೂ ನನಗೆ ಗೌರವ ಇದೆ. ಆದರೆ ಈ ರೋಗಕ್ಕೆ ಸರಿಯಾದ ಮದ್ದು ಅರೆದವರು ತೆಲುಗಿನ ಹೆಣ್ಣುಮಕ್ಕಳು ಅಂತಲೇ ನನ್ನ ನಂಬಿಕೆ. ಅವರು ಹಾಡುವ 'ಊರ್ಮಿಳಾದೇವಿ ನಿದ್ರ' ಅನ್ನುವ ಹಾಡಿದೆ. ಗಂಡ ಕಾಡಿಗೆ ಹೋದ ಮೇಲೆ ಊರ್ಮಿಳೆ ಮಲಗುತ್ತಾಳೆ, 14 ವರ್ಷ ಏಳುವುದೇ ಇಲ್ಲ. ನೋಡಿ, ಕಥೆ ಎಲ್ಲಿ ನಿಂತಿತ್ತೋ ಆ ನಿಂತದ್ದನ್ನೇ ಅವರು ಊರ್ಮಿಳೆಯ ನಿದ್ದೆಯಾಗಿಸಿಬಿಟ್ಟರು! ಲಕ್ಷ್ಮಣ ಮರಳಿ ಬಂದು ಮುಟ್ಟಿ ಎಬ್ಬಿಸಿದರೆ ಅವಳಿಗೆ ಅವನ ಗುರುತೇ ಹತ್ತುವುದಿಲ್ಲ. ಯಾರೋ ಪರಪುರುಷ ಒಳಗೆ ಬಂದನೆಂದು ಬೆದರುತ್ತಾಳೆ, ಬೈಯುತ್ತಾಳೆ. ವಿರಹವಾಗಲಿ ತಪಸ್ಸಾಗಲಿ ಅವಳನ್ನು ಕಾಯುವವಳಾಗಿಯೇ ಇಡುತ್ತವೆ. ಈ ಹಾಡು ಮಾತ್ರ ಕಾದದ್ದರ ಬೆಲೆ ಎಷ್ಟು ಅಂತ ಲಕ್ಷ್ಮಣನ ಮುಖಕ್ಕೇ ಹೇಳಿಸುತ್ತದೆ. ಅಲ್ಲಿ ಕಟ್ಟೆ ಒಡೆಯಿತು, ನೀರು ಹರಿಯಿತು.

ರೋಗ ಬರದಂತೆ ನೋಡಿಕೊಂಡವರೂ ಇದ್ದಾರೆ. 1967ರ 'ಮಲೆಗಳಲ್ಲಿ ಮದುಮಗಳು' ಮತ್ತೆ ತೆರೆದು ನೋಡಿ. ಇಲ್ಲಿ ಯಾರೂ ಮುಖ್ಯರಲ್ಲ, ಯಾರೂ ಅಮುಖ್ಯರಲ್ಲ ಅಂತ ಕುವೆಂಪು ಮೊದಲೇ ಹೇಳಿಬಿಡುತ್ತಾರೆ. ಸುಮ್ನೆ ಹೇಳಿದ್ದಲ್ಲ ಅದು. ಗುತ್ತಿ ಅನ್ನುವ ಪಾತ್ರದ ಹಿಂದೆ ಬರುವ ನಾಯಿ ಹುಲಿಯನನ್ನು ಕೂಡ ಅವರು ನಡುದಾರಿಯಲ್ಲಿ ಕೈಬಿಡುವುದಿಲ್ಲ. ಅಷ್ಟು ಜನ, ಅಷ್ಟು ಹಟ್ಟಿ, ಅಷ್ಟು ಮನೆ, ಅದರ ನಡುವೆ ಒಂದು ನಾಯಿಯ ನೆನಪು!

ಮೊನ್ನೆ ಆ ಸೀರಿಯಲ್‌ನಲ್ಲಿ ದೀಪಾವಳಿ ಇತ್ತು. ಮನೆಯವರೆಲ್ಲ ಹೊಸ ಬಟ್ಟೆ ಹಾಕಿಕೊಂಡು ಫೋಟೋಗೆ ಸಾಲಾಗಿ ನಿಂತರು. ಅಮ್ಮ ತುತ್ತು ಕೈಯಲ್ಲೇ ಹಿಡಿದು ಒಬ್ಬೊಬ್ಬರನ್ನೇ ನೋಡಿದಳು.

"ಒಬ್ಬಳು ಕಮ್ಮಿ" ಅಂದಳು.